ಏಳು ಪುಸ್ತಕ, ಏಳು ಹಾಳೆ

ಲೋಸಲಿನಿಗೆ ಒಂದು ಸಣ್ಣ ಚಿಂತೆಯಿತ್ತು. ಅದನ್ನವಳು ದಿನಚರಿಗಲ್ಲದೆ ಇನ್ನಾರಿಗೂ ಹೇಳಿರಲಿಲ್ಲ. ಸೋಮವಾರ ಬೆಳಿಗ್ಗೆ, ನಡುಗಡಲಿನ ದ್ವೀಪವೊಂದರ ಪಂಗಾಯಿ ಊರಿನ ಗ್ರಂಥಾಲಯದ ಬೀಗ ತೆಗೆಯುವ ಮೊದಲು ಮೆಟ್ಟಿಲ ಮೇಲೆ ಕುಳಿತು ಬರೆದಳು:

‘ಶನಿವಾರ ಲಿಸಿಯಾತೆ ಅಜ್ಜನಿಗೆ ಸನ್ಮಾನ. ಅವರ ಬದುಕು, ಬರಹದ ಮೇಲೆ ಹತ್ತು ನಿಮಿಷ ನಾನೇ ಮಾತಾಡಬೇಕಂತೆ. ಭಾಷಣ ಬರೆದೂ ಆಗಿದೆ. ಅದರಲ್ಲಿ “ಬಹುಮುಖ ಪ್ರತಿಭೆ” ಅನ್ನುವುದು ಮೂರು ಸಲ ಬಂದಿದೆ. ಆದರೆ ಅವರ ಏಳು ಪುಸ್ತಕಗಳಲ್ಲಿ ನಾನು ಓದಿರುವುದು ಒಂದೇ ಒಂದು. ಅದೂ ಒಂದನೇ ತರಗತಿಯಲ್ಲಿ, ಬೆತ್ತಕ್ಕೆ ಹೆದರಿ. ಇದು ಯಾರಿಗಾದರೂ ಗೊತ್ತಾದರೆ?’

ಸುವಾ ನಗರದಲ್ಲಿ ಪದವಿ ಮುಗಿಸಿ ಬಂದು ಈ ಕೆಲಸಕ್ಕೆ ಸೇರಿ ಎಂಟು ತಿಂಗಳಾಗಿತ್ತು. ‘ಆ ಹುಡುಗಿ ಬಾಯಲ್ಲಿ ಮುತ್ತಿಟ್ಕೊಂಡಿದಾಳೆ, ಬಿದ್ದೋಗುತ್ತೆ ಅಂತ ತೆರೆಯಲ್ಲ’ ಎಂದು ಊರಿನವರು ನಗುತ್ತಿದ್ದರು. ಅವಳಿಗೂ ಪುಸ್ತಕಗಳ ನಡುವೆಯೇ ನೆಮ್ಮದಿ. ಆ ನೆಮ್ಮದಿ ಅಂದು ಒಂಬತ್ತು ಗಂಟೆಗೆ ಮುಗಿಯಿತು. ಪ್ರದರ್ಶನಕ್ಕೆಂದು ಅಜ್ಜನ ಪುಸ್ತಕಗಳನ್ನು ಕಪಾಟಿನಿಂದ ಇಳಿಸಿ ಧೂಳು ಒರೆಸುವಾಗ ಮೀನುಗಾರಿಕೆಯ ಪುಸ್ತಕದಲ್ಲಿ ಒಂದು ಹಾಳೆ ಇಲ್ಲದ್ದು ಕಂಡಿತು. ಅಡುಗೆ ಪುಸ್ತಕ ತೆರೆದಳು. ಅದರಲ್ಲೂ ಒಂದು ಹಾಳೆ ಮಾಯ. ಸ್ತುತಿಗೀತೆ, ಮಕ್ಕಳ ಪಾಠ, ಗೆಣಸು ನೆಡುವ ಪಂಚಾಂಗ, ಚಂಡಮಾರುತದ ಚರಿತ್ರೆ, ಕೊನೆಗೆ ಒಂದು ಪ್ರೇಮ ಕಾದಂಬರಿ. ಏಳರಲ್ಲೂ ಒಂದೊಂದು ಹಾಳೆಯನ್ನು ಯಾರೋ ಕತ್ತರಿಸಿ ಒಯ್ದಿದ್ದರು.

ಗೆದ್ದಲು, ಉಪ್ಪುಗಾಳಿ, ಮೀನು ಸುತ್ತುವ ಹೆಂಗಸರು—ಈ ಮೂವರ ನಡುವೆ ಆ ದ್ವೀಪಗಳಲ್ಲಿ ಕಾಗದ ಹೆಚ್ಚು ಕಾಲ ಬದುಕುವುದಿಲ್ಲ. ಏಳೂ ಒಟ್ಟಿಗೆ ಉಳಿದಿದ್ದದ್ದು ಇಲ್ಲೊಂದೇ ಕಡೆ. ಬರೆದವರ ಬಳಿಯೂ ಒಂದು ಪ್ರತಿ ಇರಲಿಲ್ಲ.

ಗ್ರಂಥಾಲಯ ಸಮಿತಿಯ ಅಧ್ಯಕ್ಷರಾದ ಪಾದ್ರಿ ಮೈಕೇಲಿ ಸುದ್ದಿ ಕೇಳಿ, ಅಲ್ಲಿನ ಗಂಡಸರು ಮರ್ಯಾದೆಗೆಂದು ಸೊಂಟಕ್ಕೆ ಸುತ್ತುವ ಚಾಪೆಯನ್ನು ಸರಿಪಡಿಸಿಕೊಳ್ಳುತ್ತಲೇ ಓಡಿ ಬಂದರು.

“ಎಂಟು ತಿಂಗಳಿಂದ ಕಣ್ಣು ಬಿಟ್ಕೊಂಡು ಕಾಯ್ತಾ ಇದ್ಯೋ, ಮುಚ್ಕೊಂಡೋ? ನಿನಗೆ ಯಾರ ಮೇಲೆ ಅನುಮಾನ?”

ಲೋಸಲಿನಿ ಏಳು ಪುಸ್ತಕಗಳನ್ನೂ ಅವರ ಮುಂದೆ ಸಾಲಾಗಿ ತೆರೆದಿಟ್ಟಳು.

“ನೋಡಮ್ಮ, ಶನಿವಾರದೊಳಗೆ ಕತ್ತರಿಸಿದವರು ಯಾರು ಅಂತ ಗೊತ್ತಾಗ್ಬೇಕು. ಇಲ್ದಿದ್ರೆ ಸನ್ಮಾನ ಮುಗಿದ ಮೇಲೆ ಬೀಗದಕೈ ಮೇಜಿನ ಮೇಲಿಟ್ಟು ಮನೆಗೆ ಹೋಗು. ಸಮಿತಿ ಬೇರೆ ಯಾರನ್ನಾದ್ರೂ ನೋಡುತ್ತೆ.”

ಬಾಗಿಲ ಬಳಿ ಪತ್ರಿಕೆ ಓದುತ್ತ ಕುಳಿತಿದ್ದ ಹೆಡ್‌ಮಾಸ್ತರ್ ಇನೋಕೆ ತಲೆಯೆತ್ತಲಿಲ್ಲ. “ಏಳು ಹಾಳೆ ತಾನೇ? ಆ ಮನುಷ್ಯ ಹಾಡೂ ಬರೀತಾನೆ, ಅಡುಗೇನೂ ಬರೀತಾನೆ. ಇನ್ನೂ ಏಳು ಬರೆದ್ಕೊಡ್ತಾನೆ ಬಿಡಿ” ಎಂದು ತನಗೆ ಬೇಕಾದ ಸುದ್ದಿಯನ್ನು ಪತ್ರಿಕೆಯಿಂದ ಪರ್‍ರನೆ ಹರಿದು ಜೇಬಿಗೆ ಸೇರಿಸಿದ. ಚಂಡಮಾರುತದ ಚರಿತ್ರೆಗೆ ಅರ್ಧ ವಿಷಯ ಕೊಟ್ಟದ್ದು ತಾನು, ಹೆಸರು ಮಾತ್ರ ಲಿಸಿಯಾತೆಗೆ ಬಂತು ಎಂದು ಅವನಿಗೆ ಇಪ್ಪತ್ತು ವರ್ಷದ ಸಿಟ್ಟು.

ಅಪ್ಪನ ಅಕ್ಕ ಬಾಯಿ ತೆರೆದರೆ ಅಪ್ಪನೂ ಬಾಯಿ ಮುಚ್ಚುವ ನಾಡು ಅದು. ಲೋಸಲಿನಿ ನೇರವಾಗಿ ಅಂಥ ಸೋದರತ್ತೆಯ ಮನೆಗೆ ಹೋದಳು. ಅತೆಲೈತೆ ಅತ್ತೆ ಮೂವತ್ತು ವರ್ಷ ಪೊಲೀಸ್ ಠಾಣೆಯ ಕೈದಿಗಳಿಗೆ ಅಡುಗೆ ಮಾಡಿ ಬಡಿಸಿದವಳು. ಯಾರು ಕಳ್ಳ, ಯಾರು ಬಡಪಾಯಿ ಎಂಬುದು ಉಣ್ಣುವ ರೀತಿಯಲ್ಲೇ ತಿಳಿಯುತ್ತದೆ ಎಂದು ಅವಳ ವಾದ. ಚರ್ಚಿನ ಮರದ ನಗಾರಿ ಕಾಣೆಯಾದಾಗ ಇನ್‌ಸ್ಪೆಕ್ಟರೇ ಬಂದು ಅವಳ ಅಡುಗೆಮನೆಯಲ್ಲಿ ಕುಳಿತಿದ್ದ. ಯೋಚಿಸಬೇಕಾದಾಗಲೆಲ್ಲ ಅವಳು ತುರಿಮಣೆ ಹತ್ತಿ ಕೂತು ತೆಂಗಿನಕಾಯಿ ತುರಿಯುವಳು.

ಮಾತು ಕೇಳಿ ಮುಗಿಯುವಷ್ಟರಲ್ಲಿ ಎರಡು ಹೋಳು ಖಾಲಿಯಾಗಿದ್ದವು.

“ಅಳ್ಬೇಡ ಕಣೇ. ನಿನ್ನ ಕೆಲಸ ಎಲ್ಲಿಗೂ ಹೋಗಲ್ಲ. ಆ ಪುಸ್ತಕಗಳನ್ನ ತೋರ್ಸು ನಡಿ.”

ಗ್ರಂಥಾಲಯದಲ್ಲಿ ಅತ್ತೆ ಏಳನ್ನೂ ಬೆಳಕಿಗೆ ಹಿಡಿದು ನೋಡಿದಳು. “ಇಲ್ನೋಡು. ಹೊಲಿಗೆ ಹತ್ರ ಒಂದು ಪಟ್ಟಿ ಉಳಿಸಿ ಕತ್ತರಿಸಿದಾರೆ. ಅಳತೆ ಹಾಕು.”

ಲೋಸಲಿನಿ ಅಳೆದಳು. ಏಳರಲ್ಲೂ ಪಟ್ಟಿಯ ಅಗಲ ಒಂದೇ, ಹೆಬ್ಬೆರಳಿನ ಉಗುರಿನಷ್ಟು. ಕೂದಲೆಳೆಯೂ ಹೆಚ್ಚುಕಡಿಮೆ ಇಲ್ಲ.

“ಅತ್ತೆ, ಇದೊಂದು ನೋಡಿ.” ಪ್ರೇಮ ಕಾದಂಬರಿಯಲ್ಲಿ ಹಾಳೆ ಹೋಗಿರುವುದರ ಜೊತೆಗೆ ಇನ್ನೊಂದು ವಿಚಿತ್ರವಿತ್ತು. ಮೂರು ಕಡೆ ಪುಟಗಳನ್ನು ತೆಳುವಾದ ನಾರಿನಿಂದ ಹೊಲಿದು ಮುಚ್ಚಿದ್ದರು. ಅತ್ತೆ ಸಂದಿಯಿಂದ ಇಣುಕಿ ನೋಡಿ ಗೊಳ್ಳೆಂದು ನಕ್ಕಳು.

“ಮುತ್ತು ಕೊಡೋ ಪುಟಗಳು!”

“ಪಾದ್ರಿಗಳೇ ಇರಬಹುದಾ? ಈ ಪುಸ್ತಕ ಬಂದಾಗ ಮೂರು ಭಾನುವಾರ ಇದನ್ನೇ ಬೈದಿದ್ರಂತೆ.”

“ಇರಬಹುದು. ಆದ್ರೆ ಮುತ್ತಿನ ಪುಟ ಕತ್ತರಿಸಿಲ್ಲ, ಹೊಲಿದಿದಾರೆ. ಕತ್ತರಿಸಿರೋದು ಬೇರೆ ಪುಟ. ಇದನ್ನ ಬರ್ಕೋ. ಇಲ್ಲಿಗೆ ಯಾರ್‍ಯಾರು ಬರ್ತಾರೆ?”

ಪುಸ್ತಕ ಮನೆಗೆ ಒಯ್ಯುವವರಷ್ಟೇ ರಿಜಿಸ್ಟರಿನಲ್ಲಿದ್ದರು. ಕುಳಿತು ಓದುವವರ ಲೆಕ್ಕವಿರಲಿಲ್ಲ. ಇನೋಕೆ ದಿನವೂ ಬರುವನು. ಪಾದ್ರಿಗಳು ಆಗೊಮ್ಮೆ ಈಗೊಮ್ಮೆ. ಗುರುವಾರ ಚಾಪೆ ಹೆಣೆಯುವ ಹೆಂಗಸರು ಗಾಳಿಗಾಗಿ ಜಗಲಿಯ ಮೇಲೆ ಕೂರುವರು. ನೆರಳಿಗೆ, ನೀರಿಗೆ ಎಂದು ಒಳಗೆ ಬಂದುಹೋಗುವರು. ಲಿಸಿಯಾತೆ ಅಜ್ಜನೂ ದಿನ ತಪ್ಪದೆ ಬರುವರು, ಗುರುವಾರವೊಂದನ್ನು ಬಿಟ್ಟು.

ಅಜ್ಜ ಗೆಣಸಿನ ಹೊಲದಲ್ಲಿ ಸಿಕ್ಕರು. ಎಪ್ಪತ್ತನಾಲ್ಕು ವರ್ಷದ ಒಣಕಲು ಮನುಷ್ಯ. ಪಕ್ಕದ ಚಿಕ್ಕ ದ್ವೀಪದಲ್ಲಿ ಹುಟ್ಟಿ, ಹದಿನೈದಕ್ಕೆ ಕೊಬ್ಬರಿ ದೋಣಿ ಹತ್ತಿ ಮಿಷನ್ ಶಾಲೆಗೆ ಹೋಗಿ, ಮಾಸ್ತರಾಗಿ, ಹಡಗಿನ ಗುಮಾಸ್ತನಾಗಿ, ರೇಡಿಯೋದಲ್ಲಿ ಅಡುಗೆ ಹೇಳಿ ಊರಿಗೆ ಮರಳಿದವರು. ಇದೆಲ್ಲ ಲೋಸಲಿನಿಯ ಭಾಷಣದಲ್ಲಿತ್ತು.

“ಯಾವ ಯಾವ ಹಾಳೆ?” ಎಂದರು ಅಜ್ಜ.

ಲೋಸಲಿನಿ ಪುಟದ ಸಂಖ್ಯೆಗಳನ್ನು ಓದಿದಳು. ನಾಲ್ಕನೆಯದಕ್ಕೆ ಅಜ್ಜ ಅಗೆಯುವ ಕೋಲು ಕೆಳಗಿಟ್ಟರು. ಏಳನೆಯದಕ್ಕೆ ಮಣ್ಣಿನ ದಿಬ್ಬದ ಮೇಲೆ ಕುಳಿತರು.

“ಏಳೂ?” ಎಂದರು. ಕೈಯ ಮಣ್ಣು ಕೊಡವಿಕೊಳ್ಳುತ್ತ, “ಹುಡುಕಬೇಡ ಅತೆಲೈತೆ. ನನ್ನ ಹಾಳೆ ತಾನೇ ಹೋಗಿರೋದು. ಹೋಗ್ಲಿ” ಎಂದರು.

ನನ್ನ ಕೆಲಸವೂ ಹೋಗುತ್ತದೆ ಅಜ್ಜ, ಎಂದು ಲೋಸಲಿನಿಯ ನಾಲಿಗೆಯ ತುದಿಗೆ ಬಂದದ್ದು ಅಲ್ಲೇ ಉಳಿಯಿತು.

ಹಿಂದಿರುಗುವಾಗ ಅತ್ತೆ ಕೇಳಿದಳು: “ಹೋದ ಹಾಳೆಗಳಲ್ಲಿ ಏನಿತ್ತೇ? ನೀನೇ ಗ್ರಂಥಾಲಯದವಳು. ಓದಿರ್ತೀಯಲ್ಲ.”

ಲೋಸಲಿನಿ ಕಾಲ ಬಳಿಯ ಏಡಿಯನ್ನು ಬಹಳ ಆಸಕ್ತಿಯಿಂದ ನೋಡಿದಳು.

“ಹೂಂ,” ಎಂದಳು ಅತ್ತೆ. “ಹಾಗಾದ್ರೆ ಓದು. ಆಮೇಲೆ ಊರು ಸುತ್ತಿ, ಆ ಪುಟಗಳಲ್ಲಿ ಏನಿತ್ತು ಅಂತ ನೆನಪಿರೋರ್‍ನ ಕೇಳು.”

ಅವಳು ಓದಿದಳು. ಕಾದಂಬರಿಯನ್ನು ಗ್ರಂಥಾಲಯದ ಉಗ್ರಾಣದಲ್ಲಿ ಓದಬೇಕಾಯಿತು. ಮನೆಯಲ್ಲಿ ಅಣ್ಣನಿರುವಾಗ ಅಂಥ ಪುಸ್ತಕವನ್ನು ಒಂದೇ ಸೂರಿನಡಿ ತೆರೆಯುವಂತಿಲ್ಲ. ಒಡಹುಟ್ಟಿದ ಗಂಡು-ಹೆಣ್ಣು ಒಬ್ಬರೆದುರು ಒಬ್ಬರು ಪ್ರೇಮದ ಮಾತು ಕೇಳುವುದೂ ಅಲ್ಲಿ ನಿಷಿದ್ಧ. ರೇಡಿಯೋದಲ್ಲಿ ಪ್ರೇಮದ ಹಾಡು ಬಂದರೂ ಅವನು ಎದ್ದು ಹೊರಗೆ ಹೋಗುವವನೇ. ಎಲ್ಲ ಕಡೆ ಕತೆ ಒಂದೇ: ಹಾಳೆ ಕತ್ತರಿಸಿದ ಕಡೆ ವಾಕ್ಯ ಅರ್ಧಕ್ಕೆ ನಿಲ್ಲುತ್ತಿತ್ತು. ‘ಆಕ್ಟೋಪಸ್ ಬೇಯಿಸಬೇಕಾದ ಹೊತ್ತು ಎಷ್ಟೆಂದರೆ...’ ಆಮೇಲೆ ಖಾಲಿ.

ಅದಕ್ಕೆ ಅತ್ತೆಯೇ ಉತ್ತರ ಹೇಳಿದಳು. ಕೈದಿಗಳಿಗೆ ನೂರು ಸಲ ಮಾಡಿ ಹಾಕಿದ ಅಡುಗೆ ಅದು. “ಚಾಪೆ ಹೊತ್ತ ಹುಡುಗಿ ದಡದಿಂದ ಹವಳದ ದಿಬ್ಬದವರೆಗೆ ನಡೆದು ಬರುವಷ್ಟು ಹೊತ್ತು.”

ಮೀನುಗಾರರು ಬಲೆ ಹೆಣೆಯುತ್ತಲೇ ಒಪ್ಪಿಸಿದರು: “ಕಡಲ ಇಳಿತದಲ್ಲಿ ಚಾಪೆ ಹೊತ್ತ ಹುಡುಗಿಯ ಮೊಣಕಾಲು ಕಂಡರೆ ದೋಣಿ ಇಳಿಸಬೇಡ. ಇದನ್ನ ಮರೆತು ನಮ್ಮಪ್ಪ ಎರಡು ದೋಣಿ ಒಡೆದ ಕಣಮ್ಮ.” ಹೊಲಗಳಲ್ಲಿ, ಚಾಪೆ ಹೊತ್ತು ನೀರಲ್ಲಿ ನಡೆಯಬಹುದಾದ ಇಳಿತದ ದಿನ ನೆಟ್ಟ ಗೆಣಸು ಹುಳ ಹಿಡಿಯುವುದಿಲ್ಲ ಎಂದರು. ಪಾದ್ರಿಗಳು ಕಾಣೆಯಾದ ಸ್ತುತಿಗೀತೆಯನ್ನು ಹಾಡಿಯೇ ಬಿಟ್ಟರು: ‘ಭಾರ ಹೊತ್ತು ನೀರ ದಾಟಿ ಬಂದವಳ ಹಾದಿ, ತಂದೆಯೇ ನೀ ಬಲ್ಲೆ, ನಾ ತಿರುಗಿ ನೋಡಲಿಲ್ಲ.’ ಇನೋಕೆ ಮೊದಲು ಬೈದು ಆಮೇಲೆ ಹೇಳಿದ: “ಚಂಡಮಾರುತದಲ್ಲಿ ಯಾವ ಮನೇಲಿ ಏನೇನು ಹೋಯ್ತು ಅನ್ನೋ ಪಟ್ಟಿ ಅದು. ತನ್ನ ಮನೆ ಬಗ್ಗೆ ಮಾತ್ರ ಅಸಂಬದ್ಧ ಬರೆದಿದ್ದ. ಗಾಳಿಗೂ ಮೊದಲೇ ಹೋಗಿದ್ದು ಒಂದು ಮದುವೆ ಚಾಪೆ ಅಂತ. ತೆಗೀರಿ ಅಂದೆ, ತೆಗೀಲಿಲ್ಲ.”

ಮಕ್ಕಳ ಪಾಠ ಲೋಸಲಿನಿಗೇ ಬಾಯಿಪಾಠವಿತ್ತು. ‘ಹುಡುಗಿ ಬಂದಳು. ಚಾಪೆ ತಂದಳು. ದೋಣಿ ಹೋಯಿತು.’ ಕಾದಂಬರಿಯಲ್ಲಿ ಹೋದ ಹಾಳೆಯ ನಂತರದ ಮೊದಲ ಸಾಲು ಹೀಗಿತ್ತು: ‘ಆಮೇಲೆ ಅವನು ದಡದ ಕಡೆ ಬೆನ್ನು ತಿರುಗಿಸಿ ಕುಳಿತ.’

ಗುರುವಾರ ಸಂಜೆ ನೋಟುಬುಕ್ಕನ್ನು ಅತ್ತೆಯ ಮುಂದೆ ತೆರೆದಿಟ್ಟಳು. “ಅತ್ತೆ, ಏಳರಲ್ಲೂ ಒಬ್ಬಳೇ ಹುಡುಗಿ.”

ಅತ್ತೆ ತುರಿಯುವುದನ್ನು ನಿಲ್ಲಿಸಿದಳು. ಅದು ಅಪರೂಪ.

ಮರುದಿನ ಅತ್ತೆ ಅವಳನ್ನು ಅಜ್ಜನ ಅಕ್ಕ ಸೇಲಾಳ ಮನೆಗೆ ಕರೆದೊಯ್ದಳು. ಭಾಷಣಕ್ಕೆ ನಾಲ್ಕು ಮಾತು ಬೇಕೆಂಬ ನೆಪ. ಎಪ್ಪತ್ತೆಂಟರ ಸೇಲಾಜ್ಜಿ ತಮ್ಮನ ಮನೆಯಿಂದ ಎರಡೇ ಓಣಿ ಆಚೆ ಒಬ್ಬಳೇ ಇದ್ದಳು. ಕಣ್ಣುಗಳಲ್ಲಿ ಪೊರೆ ತುಂಬಿತ್ತು. ಆದರೂ ದ್ವೀಪದಲ್ಲಿ ಅವಳಂತೆ ಚಾಪೆ ಹೆಣೆಯುವವರು ಇರಲಿಲ್ಲ. ಮಾತಾಡುತ್ತಲೇ ಕೇದಗೆಯ ಗರಿಯನ್ನು ಸಣ್ಣ ತಗಡಿನಿಂದ ಸರ್ ಸರ್ ಎಂದು ಸೀಳುತ್ತಿದ್ದಳು.

“ಕೂತ್ಕೊಳ್ಳಿ, ಹೊಸ ಚಾಪೆ.”

ಎರಡು ಪದರದ ದಪ್ಪ ಚಾಪೆ. ಕುಳಿತಾಗ ಸರಬರ ಎಂದಿತು. “ಹೊಸದಲ್ವಾ, ಇನ್ನೂ ಮಾತಾಡುತ್ತೆ” ಎಂದು ಸೇಲಾಜ್ಜಿ ಮೀನಿನ ತಟ್ಟೆಯನ್ನು ಮುಂದಿಟ್ಟಳು.

“ತಮ್ಮನ ಪುಸ್ತಕ ಓದಿದೀರಾ ಅಕ್ಕ?” ಅತ್ತೆ ಕೇಳಿದಳು.

“ತಮ್ಮ ಬರೆದದ್ದನ್ನ ಅಕ್ಕ ಓದೋದುಂಟೇನೇ? ಅದರಲ್ಲಿ ಏನೇನಿರುತ್ತೋ, ಹಾಳಾದ್ದು! ಇನ್ನಷ್ಟು ಮೀನು ತಿನ್ನಿ.”

ಶನಿವಾರ ಬೆಳಿಗ್ಗೆ, ಸನ್ಮಾನಕ್ಕೆ ಒಂದು ಗಂಟೆ ಮೊದಲು, ಅತ್ತೆ ಎಲ್ಲರನ್ನೂ ಗ್ರಂಥಾಲಯದಲ್ಲಿ ಸೇರಿಸಿದಳು. ಪಾದ್ರಿಗಳು, ಇನೋಕೆ, ಲಿಸಿಯಾತೆ ಅಜ್ಜ ಒಳಗೆ. ಹೊರಗೆ ಜಗಲಿಯಲ್ಲಿ, ಕಿಟಕಿಯ ಪಕ್ಕದ ಗೋಡೆಗೆ ಒರಗಿ ಸೇಲಾಜ್ಜಿ. ಬೆಳೆದ ಅಕ್ಕ-ತಮ್ಮ ಒಂದೇ ಕೋಣೆಯಲ್ಲಿ ಕೂರಬಾರದೆಂಬುದು ಅಲ್ಲಿನ ಕಟ್ಟಳೆ; ನಡುವೆ ಗೋಡೆಯಿದ್ದುದರಿಂದ ಯಾರೂ ತಪ್ಪು ಹೇಳುವಂತಿರಲಿಲ್ಲ. ಮೇಜಿನ ಮೇಲೆ ಏಳು ಪುಸ್ತಕ, ಒಂದು ಬೀಗದಕೈ. ಲೋಸಲಿನಿ ಬೀಗದಕೈಯನ್ನೇ ನೋಡುತ್ತ ನಿಂತಳು.

“ಮೊದಲು ಪಾದ್ರಿಗಳು,” ಎಂದಳು ಅತ್ತೆ. “ಕಾದಂಬರೀಲಿ ಮೊದಲ ಮುತ್ತು ಯಾವ ಪುಟದಲ್ಲಿದೆ?”

“ನಲವತ್ತೆರಡು” ಎಂದುಬಿಟ್ಟ ಪಾದ್ರಿಗಳು ಕೆಮ್ಮತೊಡಗಿದರು.

ಇನೋಕೆ ನಕ್ಕು ಕುರ್ಚಿಯಿಂದ ಬೀಳುವುದರಲ್ಲಿದ್ದ.

“ಬೈಯೋಕಾದ್ರೂ ಓದ್ಬೇಕಲ್ವಾ? ಕತ್ತರಿಸೋದಿದ್ರೆ ನೀವು ಕತ್ತರಿಸ್ತಿದ್ದದ್ದು ಅದನ್ನ. ಅದು ಇಲ್ಲೇ ಇದೆ. ಇನ್ನು ನಗ್ತಿರೋ ಮಾಸ್ತರು. ಇವರು ಕಾಗದಕ್ಕೆ ಕೈ ಹಾಕಿದ್ರೆ ಇಲಿ ಕಡಿದ ಹಾಗಿರುತ್ತೆ. ಜೇಬು ತೆಗೆದು ತೋರಿಸ್ಲಿ. ಇಲ್ಲಿ ಏಳರಲ್ಲೂ ಉಗುರಗಲದ ಪಟ್ಟಿ, ಕೂದಲೆಳೆ ವ್ಯತ್ಯಾಸ ಇಲ್ಲ. ಲಿಸಿಯಾತೆ ಅಣ್ಣ ತಾವೇ ಕತ್ತರಿಸಿದ್ರಾ? ಅಲ್ಲ. ನಾಲ್ಕನೇ ಪುಸ್ತಕದ ಪುಟಸಂಖ್ಯೆ ಕೇಳೋವರೆಗೆ ಅವರಿಗೂ ಗೊತ್ತಿರಲಿಲ್ಲ. ಆಮೇಲೆ ಗೊತ್ತಾಯ್ತು. ಅದಕ್ಕೇ ಹುಡುಕಬೇಡ ಅಂದ್ರು.”

ಅಜ್ಜ ನೆಲ ನೋಡುತ್ತಿದ್ದರು.

“ಈಗ ನಾನು ನಿಮ್ಮನ್ನೇ ಕೇಳ್ತೀನಿ. ಈ ಏಳನ್ನೂ ಪೂರ್ತಿ ಓದಿದವರು ಯಾರು?”

ಯಾರೂ ಕೈಯೆತ್ತಲಿಲ್ಲ.

“ನಾನು ಅಡುಗೆ ಓದಿದೆ. ದೋಣಿಯವರು ಮೀನಿನದು. ಪಾದ್ರಿಗಳು ಹಾಡು, ಮತ್ತೆ ಆ ನಲವತ್ತೆರಡು. ಊರಿಗೆ ಊರೇ ಇವರನ್ನ ದೊಡ್ಡ ಲೇಖಕ ಅನ್ನುತ್ತೆ, ತಲೆಗೊಂದು ಪುಸ್ತಕ ಓದಿ ಕೂತಿದೆ. ಆದ್ರೆ ಏಳರಲ್ಲೂ ಒಬ್ಬಳೇ ಹುಡುಗಿ ಬರ್ತಾಳೆ, ತಲೆ ಮೇಲೆ ಚಾಪೆ ಹೊತ್ಕೊಂಡು ನೀರು ದಾಟ್ತಾಳೆ. ಅವಳಿರೋ ಹಾಳೆ ಮಾತ್ರ ಹೋಗಿದೆ. ಸರಿಯಾಗಿ ಅದನ್ನೇ ಹುಡುಕಿ ತೆಗೀಬೇಕಾದ್ರೆ ಏಳನ್ನೂ ಸಾಲು ಬಿಡದೆ ಓದಿರಬೇಕು. ಓದಿದೀನಿ ಅಂತ ಹೇಳ್ಕೊಳ್ಳೋಕೂ ಆಗದೇ ಇರೋರು ಓದಿದಾರೆ. ಮುತ್ತಿನ ಪುಟ ಯಾಕೆ ಹೊಲೀತಾರೆ? ಕಾದಂಬರಿ ಬೇಡ ಅಂತಲ್ಲ. ಓದಲೇಬೇಕು, ಆದ್ರೆ ಬರೆದವನು ಒಡಹುಟ್ಟಿದವನು, ಅದೊಂದು ಕಣ್ಣಿಗೆ ಬೀಳಬಾರದು. ಹೊಲಿದದ್ದು ಕೇದಗೆ ನಾರಲ್ಲಿ. ಗರಿ ಸೀಳೋ ಕೈಗೆ ಅಳತೆಗೋಲು ಬೇಕಾಗಲ್ಲ. ಚಾಪೆಯವರು ಗುರುವಾರ ಬರ್ತಾರೆ, ಲಿಸಿಯಾತೆ ಅಣ್ಣ ಗುರುವಾರ ಒಂದು ದಿನ ಬರಲ್ಲ. ಯಾಕೆ? ಅಕ್ಕ ಬಂದುಹೋಗೋ ಕೋಣೇಲಿ ತಮ್ಮ ಕೂರೋ ಹಾಗಿಲ್ಲ. ಇನ್ನು ಹಾಳೆಗಳೆಲ್ಲಿ ಅಂದ್ರೆ, ನಿನ್ನೆ ನಾನು ಅವುಗಳ ಮೇಲೇ ಕೂತಿದ್ದೆ. ಹೊಸ ಚಾಪೆ ಸದ್ದು ಮಾಡುತ್ತೆ ನಿಜ, ಆದ್ರೆ ಕಾಗದದ ಸದ್ದು ಮಾಡಲ್ಲ.”

ಕಿಟಕಿಯಾಚೆಯಿಂದ ಸೇಲಾಜ್ಜಿಯ ದನಿ ಬಂತು. ಅದರಲ್ಲಿ ನಾಚಿಕೆಯ ಸುಳಿವೇ ಇರಲಿಲ್ಲ.

“ಕದ್ದೆ ಅಂತ ಮಾತ್ರ ಅನ್ಬೇಡ ಅತೆಲೈತೆ. ನನ್ನ ತಮ್ಮನ ಪುಸ್ತಕ. ತಮ್ಮನದನ್ನ ಅಕ್ಕ ತಗೊಂಡ್ರೆ ಯಾವತ್ತಾದ್ರೂ ಕಳ್ಳತನ ಆಗಿದ್ದುಂಟಾ? ಅವನ ಹಂದಿ ತಗೊಂಡಿದೀನಿ, ಗೆಣಸು ತಗೊಂಡಿದೀನಿ. ಯಾರು ಕೇಳಿದಾರೆ?”

“ಪುಸ್ತಕ ಗ್ರಂಥಾಲಯದ್ದು ಅಜ್ಜಿ!” ಎಂದರು ಪಾದ್ರಿಗಳು.

“ಹಾಗಂತ ಹೊರಗೆ ಎಲ್ಲಿ ಬರೆದಿದೆ? ಹೊರಗೆ ಬರೆದಿರೋದು ಅವನ ಹೆಸರು.”

ಅಜ್ಜಿ ಗೋಡೆಗೆ ಹೇಳುವಂತೆ ಮುಂದುವರಿಸಿದಳು.

“ನಮ್ಮಮ್ಮ ನನ್ನ ಮದುವೆಗೆ ಅಂತ ಆರು ವರ್ಷ ಹೆಣೆದ ಚಾಪೆ, ನನ್ನ ಬಳುವಳಿ ಅಂದ್ರೆ ಅದೊಂದೇ. ಇವನನ್ನ ಶಾಲೆಗೆ ಕಳಿಸೋಕೆ ಬೇರೇನೂ ಇರಲಿಲ್ಲ. ಇಳಿತದಲ್ಲಿ ಹೊತ್ಕೊಂಡು ಹೋಗಿ ದೋಣಿಯವನಿಗೆ ಕೊಟ್ಟೆ. ಇವನು ದೋಣೀಲಿದ್ದ, ಬೆನ್ನು ಹಾಕಿ ಕೂತಿದ್ದ. ನೋಡಿಲ್ಲ ಅಂದ್ಕೊಂಡಿದ್ದೆ, ಐವತ್ತೊಂಬತ್ತು ವರ್ಷ. ಚಾಪೆ ಇಲ್ದೆ ಮದುವೆ ಮುಂದಕ್ಕೆ ಹೋಯ್ತು, ಆಮೇಲೆ ಹೋಗೇ ಬಿಡ್ತು. ಹೋದ ವರ್ಷ ನೀರು ಕುಡಿಯೋಕೆ ಒಳಗೆ ಬಂದವಳು ಅಡುಗೆ ಪುಸ್ತಕ ತೆರೆದೆ. ಅಲ್ಲಿ ನಾನಿದ್ದೆ. ಆಕ್ಟೋಪಸ್ ಜೊತೆ! ಆಮೇಲೆ ಒಂದೊಂದೇ ಓದಿದೆ. ಈಗ ಕಣ್ಣು ಹೋಗ್ತಾ ಇದೆ. ಇನ್ನು ಓದೋಕಾಗಲ್ಲ, ಮೈಗಾದ್ರೂ ತಾಗಲಿ ಅಂತ ಚಾಪೆ ಒಳಗೆ ಹೆಣ್ಕೊಂಡೆ. ನನ್ನನ್ನ ಮಣ್ಣಿಗೆ ಕಳಿಸೋವಾಗ ಅದರಲ್ಲೇ ಸುತ್ತಿ. ಆ ಹುಡುಗಿ ಕೆಲಸ ಹೋಗುತ್ತೆ ಅಂತ ನನಗೆ ಗೊತ್ತಿರಲಿಲ್ಲ. ಅದೊಂದು ತಪ್ಪು ನಂದು.”

ಅಜ್ಜ ಅತ್ತೆಯ ಕಡೆ ತಿರುಗಿದರು. ಗೋಡೆಯ ಕಡೆ ನೋಡಲಿಲ್ಲ.

“ಹೊರಗಿರೋರಿಗೆ ಹೇಳು ಅತೆಲೈತೆ. ಅವತ್ತು ಬೆನ್ನು ಹಾಕಿದ್ದು ಅಳೋದನ್ನ ದೋಣಿಯವರು ನೋಡಬಾರದು ಅಂತ. ಅಕ್ಕನ ಹತ್ರ ಅಂಥ ಮಾತು ಆಡೋ ಹಾಗಿಲ್ಲವಲ್ಲ. ಅದಕ್ಕೇ ಎಲ್ಲಾದ್ರೂ ಒಂದು ಕಡೆ ಕಣ್ಣಿಗೆ ಬೀಳಲಿ ಅಂತ ಸಿಕ್ಕಿದ್ದೆಲ್ಲ ಬರೆದೆ. ಹಾಡಲ್ಲಿ ಬೀಳದಿದ್ರೆ ಅಡುಗೇಲಿ, ಅಡುಗೇಲಿ ಬೀಳದಿದ್ರೆ ಮೀನಲ್ಲಿ.” ಅವರು ಮೂಗು ಒರೆಸಿಕೊಂಡರು. “ಹಾಳೆಗಳು ಚಾಪೇಲೇ ಇರಲಿ. ಏಳೂ ನನಗೆ ಬಾಯಿಗೆ ಬರುತ್ತೆ. ಕೈಯಲ್ಲಿ ಬರೆದು ಪುಸ್ತಕಕ್ಕೆ ಸೇರಿಸ್ತೀನಿ.”

“ಹೊಲಿಯೋಕೆ ನಾರು ನಾನು ಕೊಡ್ತೀನಿ ಅನ್ನು” ಎಂದಿತು ಕಿಟಕಿ.

ಪಾದ್ರಿಗಳು ಬೀಗದಕೈಯನ್ನೆತ್ತಿ ಲೋಸಲಿನಿಯ ಅಂಗೈಯಲ್ಲಿಟ್ಟರು. “ನಿಂದೇ ಇದು. ಇಟ್ಕೋ. ಜನ ಬರ್ತಿದಾರೆ, ಭಾಷಣ ತಗೋ.”

ಬೆಂಚುಗಳು ತುಂಬಿದವು. ಜಗಲಿಯೂ ತುಂಬಿತು. ಲೋಸಲಿನಿ ಎದ್ದು ನಿಂತಳು. ಒಂದು ಕೈಯಲ್ಲಿ ‘ಬಹುಮುಖ ಪ್ರತಿಭೆ’ಯ ಮೂರು ಹಾಳೆ, ಇನ್ನೊಂದರಲ್ಲಿ ಬೀಗದಕೈ. ಓದಿಬಿಟ್ಟರೆ ಹತ್ತೇ ನಿಮಿಷ. ಯಾರಿಗೂ ಏನೂ ತಿಳಿಯುವುದಿಲ್ಲ. ಅವಳು ಕಿಟಕಿಯ ಕಡೆ ನೋಡಿದಳು. ಅಲ್ಲಿ ಗೋಡೆಯಂಚಿನಲ್ಲಿ ನರೆತ ತಲೆಯ ಒಂದು ತುದಿ, ಕೇಳಿಸಿಕೊಳ್ಳಲೆಂದು ಇತ್ತ ವಾಲಿತ್ತು. ಅವಳು ಹಾಳೆಗಳನ್ನು ಮಡಿಸಿದಳು, ಬೀಗದಕೈಯನ್ನು, ಸಮಿತಿಗೆ ಬೇಕಾದರೆ ತೆಗೆದುಕೊಳ್ಳಲಿ ಎಂದು, ಮತ್ತೆ ಮೇಜಿನ ಮೇಲಿಟ್ಟಳು.

“ಲಿಸಿಯಾತೆ ಅಜ್ಜ,” ಎಂದಳು. ಆ ದನಿ ಹಿಂದಿನ ಬೆಂಚಿನವರೆಗೂ ಕೇಳಿಸಿತು. “ಹೋದ ಸೋಮವಾರದವರೆಗೆ ನಿಮ್ಮ ಏಳು ಪುಸ್ತಕಗಳಲ್ಲಿ ನಾನು ಓದಿದ್ದು ಒಂದೇ ಒಂದು, ಒಂದನೇ ತರಗತಿಯದು.”